ಸಾಫ್ಟ್ ಕ್ಲೋಸ್ ಡ್ರಾಯರ್ ಚಾನೆಲ್: ಕರಾವಳಿಯ ಕಪಾಟಿಗೆ ಆರಿಸುವುದು, ಕೂರಿಸುವುದು

ಸಾಫ್ಟ್ ಕ್ಲೋಸ್ ಡ್ರಾಯರ್, ಅಂದರೆ ಕೊನೆಯಲ್ಲಿ ತಾನಾಗಿ ಮೆಲ್ಲಗೆ ಮುಚ್ಚಿಕೊಳ್ಳುವ ಡ್ರಾಯರ್, ಸರಿಯಾಗಿ ಮುಚ್ಚದಿದ್ದರೆ ಬೈಗುಳ ಮೊದಲು ಬೀಳುವುದು ಅದು ಜಾರುವ ಲೋಹದ ಪಟ್ಟಿಗೆ, ಚಾನೆಲಿಗೆ. ಆದರೆ ಹೆಚ್ಚಿನ ಸಲ ತಪ್ಪು ಇರುವುದು ಡ್ರಾಯರಿನ ಪೆಟ್ಟಿಗೆಯ ಅಳತೆಯಲ್ಲಿ. ಪೆಟ್ಟಿಗೆ ಒಂದೆರಡು ಮಿಲಿಮೀಟರ್ ಅಗಲವಾದರೂ, ಎಡಬಲದ ಚಾನೆಲ್‌ಗಳು ಸಮಾನಾಂತರವಾಗಿ ಇಲ್ಲದಿದ್ದರೂ, ಎಷ್ಟು ಬೆಲೆಯದ್ದನ್ನು ಹಾಕಿದರೂ ಅದು ಕೊನೆಯ ಎರಡು ಇಂಚಿನಲ್ಲಿ ನಿಂತುಬಿಡುತ್ತದೆ. ಆದ್ದರಿಂದ ಕೆಲಸದ ಕ್ರಮ ಹೀಗಿರಬೇಕು: ಮೊದಲು ಕಪಾಟಿನ ಒಳಭಾಗ ಅಳೆಯುವುದು, ಆಮೇಲೆ ಚಾನೆಲ್ ತರುವುದು, ಚಾನೆಲ್ ಕೈಗೆ ಬಂದ ಮೇಲೆಯೇ ಡ್ರಾಯರಿನ ಹಲಗೆಗೆ ಗರಗಸ ಹಾಕುವುದು.

ಕಾಸರಗೋಡು, ಕುಂಬಳೆ, ಬದಿಯಡ್ಕ ಕಡೆಯ ಅಡುಗೆಮನೆಗಳಲ್ಲಿ ಆಗಾಗ ಕಾಣುವುದು ಇದಕ್ಕೆ ತಲೆಕೆಳಗಾದ ಕ್ರಮ. ಆಚಾರಿ ಡ್ರಾಯರುಗಳನ್ನು ಮೊದಲೇ ಮಾಡಿಟ್ಟಿರುತ್ತಾರೆ, ಮನೆಯವರು ಮಂಗಳೂರಿಗೆ ಹೋಗಿ ಸಿಕ್ಕಿದ ಚಾನೆಲ್ ಕಟ್ಟಿಸಿಕೊಂಡು ಬರುತ್ತಾರೆ, ಆಮೇಲೆ ಪ್ಯಾಕಿಂಗ್ ತುಂಡು, ಕೀಸುಳಿ ಹಿಡಿದು ಹೊಂದಿಸುವ ಕೆಲಸ ಶುರು. ಮರಗೆಲಸದ ಹಳೆಯ ಲೆಕ್ಕ ನೂಲಿನದ್ದು. ಒಂದು ನೂಲು ಅಂದರೆ ಇಂಚಿನ ಎಂಟನೇ ಒಂದು, 3 ಮಿ.ಮೀ.ಗಿಂತ ತುಸು ಹೆಚ್ಚು. ಸಾಫ್ಟ್ ಕ್ಲೋಸ್ ಚಾನೆಲ್ ಕೇಳುವುದು ಅದರ ಮೂರನೇ ಒಂದು ಪಾಲಿನ ನಿಖರತೆ. ಹಾಗಾಗಿ ಈ ಕೆಲಸಕ್ಕೆ ಮಿಲಿಮೀಟರ್ ಗೆರೆಗಳಿರುವ ಟೇಪನ್ನೇ ಹಿಡಿಯಿರಿ, ಮೊದಲಿನಿಂದ ಕೊನೆಯವರೆಗೂ ಅದೇ ಒಂದು ಟೇಪಿನಲ್ಲಿ ಅಳೆಯಿರಿ.

ಒಳಗೆ ಏನು ನಡೆಯುತ್ತದೆ

ಟೆಲಿಸ್ಕೋಪಿಕ್ ಚಾನೆಲಿನಲ್ಲಿ ಮೂರು ಪಟ್ಟಿಗಳಿರುತ್ತವೆ: ಕಪಾಟಿಗೆ ಕೂರುವ ಹೊರಪಟ್ಟಿ, ನಡುವಿನದ್ದು, ಡ್ರಾಯರಿಗೆ ಕೂರುವ ಒಳಪಟ್ಟಿ. ಇವುಗಳ ನಡುವೆ ಉಕ್ಕಿನ ಗುಂಡುಗಳು ಉರುಳುತ್ತವೆ. ಸಾಫ್ಟ್ ಕ್ಲೋಸ್ ಮಾದರಿಯಲ್ಲಿ ಹಿಂದಿನ ತುದಿಗೆ ಒಂದು ಪ್ಲಾಸ್ಟಿಕ್ ಗೂಡು ಹೆಚ್ಚು. ಅದರೊಳಗೆ ಸ್ಪ್ರಿಂಗ್ ಒಂದು, ಡ್ಯಾಂಪರ್ ಒಂದು. ಡ್ರಾಯರ್ ಮುಚ್ಚಲು ಸುಮಾರು 40ರಿಂದ 50 ಮಿ.ಮೀ. ಬಾಕಿ ಇರುವಾಗ ಒಳಪಟ್ಟಿಯ ಗೂಟ ಅಲ್ಲಿನ ಕೊಕ್ಕೆಗೆ ಸಿಗುತ್ತದೆ. ಸ್ಪ್ರಿಂಗ್ ಒಳಗೆ ಎಳೆಯುತ್ತದೆ, ಡ್ಯಾಂಪರ್ ಆ ಎಳೆತದ ವೇಗ ಕಡಿಮೆ ಮಾಡುತ್ತದೆ.

ಈ ಸ್ಪ್ರಿಂಗಿನ ಬಲ ಸ್ವಲ್ಪವೇ. ಪೆಟ್ಟಿಗೆ ಎಲ್ಲಾದರೂ ಉಜ್ಜುತ್ತಿದ್ದರೆ ಅದನ್ನು ಮೀರಿ ಎಳೆಯಲು ಅದರಿಂದ ಆಗದು. ಮುಂದೆ ಬರುವ ಅಳತೆಗಳಿಗೆಲ್ಲ ಕಾರಣ ಇದೊಂದೇ. ದೂರು ಎಂದು ಹೇಳುವ ಎರಡು ವಿಷಯಗಳು ದೂರೇ ಅಲ್ಲ ಎಂಬುದೂ ಇಲ್ಲಿಂದಲೇ ತಿಳಿಯುತ್ತದೆ. ಡ್ರಾಯರನ್ನು ಅರ್ಧಕ್ಕೆ ಬಿಟ್ಟರೆ ಅದು ತಾನಾಗಿ ಮುಚ್ಚುವುದಿಲ್ಲ, ಆ ಕೊನೆಯ ಎರಡು ಇಂಚಿನವರೆಗೆ ನಾವೇ ತಳ್ಳಬೇಕು. ಇನ್ನು ತೆರೆಯುವಾಗ ಮೊದಲ ಎರಡು ಇಂಚು ಬಿಗಿ ಎನಿಸುವುದು ಸಹಜ, ಏಕೆಂದರೆ ಆಗ ನಮ್ಮ ಕೈಯೇ ಮುಂದಿನ ಸಲಕ್ಕೆ ಸ್ಪ್ರಿಂಗನ್ನು ಎಳೆದು ಇಡುತ್ತಿರುತ್ತದೆ. ವಯಸ್ಸಾದವರು, ಮೊಣಕೈ ನೋವಿರುವವರು ಬಳಸುವ ಡ್ರಾಯರಿಗೆ ಚಿಕ್ಕ ಗುಬುಟಿನ ಹಿಡಿಯ ಬದಲು ನಾಲ್ಕು ಬೆರಳು ಒಳಹೋಗುವ ಹಿಡಿ ಹಾಕಿ.

ಯಾವ ಬಗೆ ತರಬೇಕು

ಅಂಗಡಿಯಲ್ಲಿ ಸಿಗುವುದು ಮುಖ್ಯವಾಗಿ ಮೂರು ಬಗೆ. ಒಂದು, ಪೆಟ್ಟಿಗೆಯ ಬದಿಗೆ ಕೂರುವ ಟೆಲಿಸ್ಕೋಪಿಕ್ ಚಾನೆಲ್. ಇದರ ಎತ್ತರ 45 ಮಿ.ಮೀ., ದಪ್ಪ ಬದಿಗೆ 12.7 ಮಿ.ಮೀ., ಅಂದರೆ ಅರ್ಧ ಇಂಚು. ಎರಡು, ಪೆಟ್ಟಿಗೆಯ ಅಡಿಗೆ ಕೂರುವ ಅಂಡರ್‌ಮೌಂಟ್. ಡ್ರಾಯರ್ ತೆರೆದಾಗ ಚಾನೆಲ್ ಕಣ್ಣಿಗೇ ಬೀಳದು. ಮೂರು, ಟ್ಯಾಂಡಮ್ ಬಾಕ್ಸ್ ಎಂದು ಅಂಗಡಿಯವರು ಕರೆಯುವ, ಬದಿಗಳೇ ಲೋಹದ್ದಾಗಿರುವ ಸೆಟ್. ಇದಕ್ಕೆ ಅಡಿಹಲಗೆ, ಹಿಂಬದಿ ಹಲಗೆ, ಮುಂಬದಿ ಹಲಗೆ ಮಾತ್ರ ನಾವು ಮಾಡಿಕೊಂಡರೆ ಸಾಕು. ಹೆಟಿಚ್, ಹಾಫೆಲೆ, ಬ್ಲಮ್, ಎಬ್ಕೊ ಮುಂತಾದ ಹೆಸರುಗಳಲ್ಲಿ ಇವು ಸಿಗುತ್ತವೆ.

ಆಯ್ಕೆ ಇರುವುದು ಕೆಲಸ ಮಾಡುವ ಕೈಯ ಮೇಲೆ. ಹಲಗೆಗಳನ್ನು ಪ್ಯಾನೆಲ್ ಗರಗಸದಲ್ಲಿ ಕತ್ತರಿಸಿ ತರಿಸುವುದಾದರೆ ಅಂಡರ್‌ಮೌಂಟ್ ಧಾರಾಳವಾಗಿ ಹಾಕಬಹುದು. ಕೂರಿಸಿದ ಮೇಲೂ ಅದರಲ್ಲಿ ಎತ್ತರವನ್ನು ಎರಡು ಮೂರು ಮಿ.ಮೀ. ತಿರುಗಿಸಿ ಹೊಂದಿಸಲು ಆಗುತ್ತದೆ, ಮೇಲಿನಿಂದ ಚೆಲ್ಲಿದ್ದು ನೇರ ಚಾನೆಲಿಗೆ ಬೀಳುವುದಿಲ್ಲ. ಕೈಗರಗಸ, ಕೈಯಂತ್ರದ ಕೆಲಸವಾದರೆ ಬದಿಗೆ ಕೂರುವ 45 ಮಿ.ಮೀ. ಚಾನೆಲೇ ಒಳ್ಳೆಯದು, ಸಣ್ಣ ವ್ಯತ್ಯಾಸವನ್ನು ಪಟ್ಟಿ ಕೊಟ್ಟು ಸರಿಮಾಡಲು ಅದರಲ್ಲಿ ಅವಕಾಶವಿದೆ. ಟ್ಯಾಂಡಮ್ ಬಾಕ್ಸ್ ನೋಡಲು ಚಂದ, ಕೆಲಸವೂ ಬೇಗ ಮುಗಿಯುತ್ತದೆ. ಆದರೆ ಕಂಪನಿಯಿಂದ ಕಂಪನಿಗೆ ಕಳೆಯುವ ಲೆಕ್ಕ ಬೇರೆ, ಮುಂದೆ ಬಿಡಿಭಾಗ ಬೇಕಾದರೆ ಅದೇ ಸೆಟ್ಟಿನದ್ದೇ ಬೇಕು. ಮನೆಗೆಲ್ಲ ಒಂದೇ ಕಂಪನಿಯ ಒಂದೇ ಮಾದರಿ ಹಾಕಿ.

ಉದ್ದ 10 ಇಂಚಿನಿಂದ ಮೇಲೆ ಎರಡೆರಡು ಇಂಚಿನ ಏರಿಕೆಯಲ್ಲಿ ಸಿಗುತ್ತದೆ. ಅಡುಗೆಮನೆಯ ಕೆಳಗಿನ ಕಪಾಟಿಗೆ ಸಾಮಾನ್ಯವಾಗಿ 18 ಅಥವಾ 20 ಇಂಚು, ಅಂದರೆ 450 ಅಥವಾ 500 ಮಿ.ಮೀ. ಕಪಾಟಿನ ಒಳ ಆಳ ಚಾನೆಲಿನ ಉದ್ದಕ್ಕಿಂತ 10 ಮಿ.ಮೀ.ಯಾದರೂ ಹೆಚ್ಚಿರಲಿ. ಆಳ ಅಳೆಯುವಾಗ ಹಿಂದಿನ ಗೋಡೆಯಲ್ಲಿ ನೀರಿನ ಪೈಪು, ಸಿಂಕಿನ ಕೊಳವೆ, ಪ್ಲಗ್ ಪಾಯಿಂಟು ಎಲ್ಲಿದೆ ಎಂದು ಟಾರ್ಚು ಹಿಡಿದು ನೋಡಿ. ಒಲೆಯ ಕೆಳಗಿನ ಡ್ರಾಯರಾದರೆ ಗ್ಯಾಸಿನ ರಬ್ಬರ್ ಪೈಪಿಗೆ ಡ್ರಾಯರಿನ ಬೆನ್ನು ತಾಗಲೇಬಾರದು. ದಿನಕ್ಕೆ ಹತ್ತಾರು ಸಲ ಉಜ್ಜಿದರೆ ಪೈಪು ಸವೆಯುತ್ತದೆ, ಮಡಚಿಕೊಂಡರೆ ಬಿರುಕು ಬಿಡುತ್ತದೆ. ಅಲ್ಲಿ ಒಂದು ಅಳತೆ ಚಿಕ್ಕ ಚಾನೆಲ್ ಹಾಕಿ, ಪೈಪನ್ನು ಕ್ಲಿಪ್ಪಿನಲ್ಲಿ ಬದಿಗೆ ಕಟ್ಟಿ.

ಭಾರದ ಲೆಕ್ಕ. ಡಬ್ಬಿಯ ಮೇಲೆ 35 ಕಿಲೊ, 45 ಕಿಲೊ ಎಂದು ಬರೆದಿರುವುದು ಒಂದು ಜೋಡಿಗೆ, ಒಂದು ಬದಿಗೆ ಅಲ್ಲ. ಆ ಭಾರದಲ್ಲಿ ಡ್ರಾಯರಿನ ಸ್ವಂತ ತೂಕವೂ ಸೇರಿದೆ. ಎರಡಡಿ ಅಗಲದ ಕಪಾಟಿಗೆ 12 ಮಿ.ಮೀ. ಪ್ಲೈಯಲ್ಲಿ 150 ಮಿ.ಮೀ. ಎತ್ತರದ ಪೆಟ್ಟಿಗೆ ಮಾಡಿ 18 ಮಿ.ಮೀ. ಫ್ರಂಟ್ (ಹೊರಗೆ ಕಾಣುವ ಮುಖದ ಹಲಗೆ) ಹೊಡೆದರೆ ಸುಮಾರು 6 ಕಿಲೊ ಅಲ್ಲೇ ಆಯಿತು. 25 ಕಿಲೊ ಕುಚ್ಚಲಕ್ಕಿ ಅದರಲ್ಲಿ ಸುರಿದರೆ 35ರ ಚಾನೆಲಿಗೆ ಉಸಿರಾಡಲು ಜಾಗ ಉಳಿಯದು. ಅಕ್ಕಿ, ಕುಕ್ಕರು, ಹಿತ್ತಾಳೆ ಉರುಳಿ, ಗ್ರೈಂಡರಿನ ಕಲ್ಲು ಇಡುವ ಕೆಳಗಿನ ಡ್ರಾಯರಿಗೆ 45 ಕಿಲೊದ್ದೇ ತನ್ನಿ. ಚಮಚ, ಲೋಟ, ಬಟ್ಟೆ ಇಡುವುದಕ್ಕೆ 35 ಧಾರಾಳ. ಮೂರಡಿ ಅಗಲದ ಡ್ರಾಯರ್ ಮಾಡುವ ಆಸೆ ಇದ್ದರೆ ಒಂದು ಮೂಲೆ ಹಿಡಿದು ತಳ್ಳಿದಾಗ ಅದು ಓರೆಯಾಗುತ್ತದೆ ಎಂಬುದು ನೆನಪಿರಲಿ. ಅಂಥದ್ದಕ್ಕೆ ಹಿಡಿಯನ್ನು ನಡುವೆಯೇ ಹಾಕಿ.

ತುಕ್ಕು

ಕಡಲಿನಿಂದ ಸ್ವಲ್ಪವೇ ದೂರದಲ್ಲಿರುವ ಮನೆಗಳು, ಜೂನಿನಿಂದ ಬಿಡದ ಮಳೆ, ಗಲ್ಫಿನಲ್ಲಿರುವ ಮನೆಯವರು ವರ್ಷದ ಬಹುಭಾಗ ಬೀಗ ಹಾಕಿಟ್ಟಿರುವ ಅಡುಗೆಮನೆಗಳು: ಕಾಸರಗೋಡಿನಲ್ಲಿ ಚಾನೆಲ್ ಕೆಡುವುದಕ್ಕೆ ಬಳಕೆಯಷ್ಟೇ ದೊಡ್ಡ ಕಾರಣ ತುಕ್ಕು. ಸಾಮಾನ್ಯ ಚಾನೆಲ್ ಉಕ್ಕಿನದ್ದು, ಮೇಲೆ ಸತುವಿನ ಲೇಪ. ಆ ಲೇಪ ತೆಳುವಾಗಿದ್ದರೆ ಮೊದಲು ಬಿಳಿ ಹುಡಿ ಏಳುತ್ತದೆ, ಆಮೇಲೆ ಕೆಂಪು ಕಲೆ. ಗುಂಡು ಓಡುವ ಜಾಡಿಗೆ ತುಕ್ಕು ಇಳಿದರೆ ಕರಕರ ಶಬ್ದ ಬರುತ್ತದೆ, ಆಮೇಲೆ ಏನು ಎಣ್ಣೆ ಬಿಟ್ಟರೂ ಅದು ಮೊದಲಿನಂತಾಗದು.

ಕಡಲತೀರದ ಮನೆಗೆ, ಅದರಲ್ಲೂ ಸಿಂಕಿನ ಪಕ್ಕದ ಡ್ರಾಯರುಗಳಿಗೆ, ಎಸ್‌ಎಸ್ 304 (ಸ್ಟೇನ್‌ಲೆಸ್ ಸ್ಟೀಲಿನ ಒಂದು ದರ್ಜೆ) ಚಾನೆಲ್ ಹಾಕುವುದು ಸರಿಯಾದ ಖರ್ಚು. ಅಂಗಡಿಗೆ ಚಿಕ್ಕ ಅಯಸ್ಕಾಂತ ಒಯ್ಯಿರಿ. ಪಟ್ಟಿಗೆ ಅದು ಗಟ್ಟಿಯಾಗಿ ಕಚ್ಚಿದರೆ 304 ಎಂಬ ಮಾತನ್ನು ನಂಬಬೇಡಿ. ಮಡಚಿದ ಅಂಚುಗಳಲ್ಲಿ ಸ್ವಲ್ಪ ಎಳೆತ ಇದ್ದರೆ ಪರವಾಗಿಲ್ಲ, ಬಾಗಿಸಿದ ಜಾಗದಲ್ಲಿ 304ರಲ್ಲೂ ಅಷ್ಟು ಬರುತ್ತದೆ. ಆದರೆ ಅಯಸ್ಕಾಂತ ಕಚ್ಚಲಿಲ್ಲ ಎಂದ ಮಾತ್ರಕ್ಕೆ 304 ಎಂದೂ ಆಗದು, ಕಡಿಮೆ ದರ್ಜೆಯ 202 ಕೂಡ ಹಾಗೆಯೇ ಇರುತ್ತದೆ. ಬಿಲ್ಲಿನಲ್ಲಿ ದರ್ಜೆ ಬರೆಸಿಕೊಳ್ಳಿ. ಎಸ್‌ಎಸ್ ಚಾನೆಲಿಗೆ ಕಪ್ಪು ಡ್ರೈವಾಲ್ ಸ್ಕ್ರೂ ಹೊಡೆಯುವುದು ಬೇಡ, ಮೊದಲ ಮಳೆಗಾಲಕ್ಕೇ ಅದರ ತಲೆ ಕೆಂಪಾಗುತ್ತದೆ. ಸ್ಕ್ರೂ ಕೂಡ ಎಸ್‌ಎಸ್ ಆಗಿರಲಿ.

ಹೊಸ ಮನೆಯಲ್ಲಿ ಇನ್ನೂ ಒಂದು ಎಚ್ಚರ. ನೆಲದ ಟೈಲ್ಸ್‌ನ ಸಿಮೆಂಟ್ ಕಲೆ ತೆಗೆಯಲು ಆಸಿಡ್ ಹಾಕುತ್ತಾರಲ್ಲ, ಅದರ ಹೊಗೆ ಸತುವಿನ ಲೇಪವನ್ನು ಕೆಲವೇ ದಿನಗಳಲ್ಲಿ ತಿನ್ನುತ್ತದೆ. ಗ್ರಾನೈಟ್ ಕತ್ತರಿಸುವ ಹುಡಿ ಗ್ರೀಸಿನಲ್ಲಿ ಕೂತರೆ ಮರಳು ಕಾಗದದ ಹಾಗೆ ಉಜ್ಜುತ್ತದೆ. ಗ್ರಾನೈಟ್, ಟೈಲ್ಸ್, ಆಸಿಡ್ ತೊಳೆತ ಎಲ್ಲ ಮುಗಿದು ಮನೆ ಒರೆಸಿದ ಮೇಲೆಯೇ ಚಾನೆಲಿನ ಪ್ಯಾಕೆಟ್ ಬಿಚ್ಚಿ.

ಹಲಗೆ

ಪೆಟ್ಟಿಗೆಗೆ 710 ದರ್ಜೆಯ ಮರೀನ್ ಪ್ಲೈ ಬಳಸಿ. ಬದಿಗೆ ಕೂರುವ ಚಾನೆಲಿಗೆ 12 ಮಿ.ಮೀ. ಬದಿ ಹಲಗೆ ಸಾಕು, ಅಂಡರ್‌ಮೌಂಟಿಗೆ ಸಾಮಾನ್ಯವಾಗಿ 16 ಮಿ.ಮೀ. ದಪ್ಪ ಬೇಕು. ಅಡಿಗೆ 6 ಮಿ.ಮೀ. ಚಮಚಕ್ಕೆ ಸರಿ, ಪಾತ್ರೆಗೆ 9 ಅಥವಾ 12. ಮನೆಯ ಹಲಸು, ಹೆಬ್ಬಲಸು, ಸಾಗುವಾನಿ ಹಲಗೆ ಇದ್ದರೆ ಬದಿಗಳನ್ನು ಅದರಲ್ಲೇ ಮಾಡಬಹುದು. ಮರ ಉಬ್ಬುವುದು ಎಳೆಗೆ ಅಡ್ಡಲಾಗಿ, ಎಳೆಯ ಉದ್ದಕ್ಕೆ ಬಹುತೇಕ ಇಲ್ಲ. ಆದ್ದರಿಂದ ಮಳೆಗಾಲದಲ್ಲಿ ಪೆಟ್ಟಿಗೆಯ ಎತ್ತರ ಒಂದೆರಡು ಮಿ.ಮೀ. ಹೆಚ್ಚಬಹುದು, ಅಗಲ ಅಷ್ಟಾಗಿ ಹೆಚ್ಚದು. ಅಪಾಯ ಇರುವುದು ಹಸಿಮರದಲ್ಲಿ. ಅದು ಒಣಗುತ್ತಾ ದೋಣಿಯಂತೆ ಬಾಗಿದರೆ ಚಾನೆಲ್ ಜತೆಗೇ ತಿರುಚುತ್ತದೆ. ಅಡಿಹಲಗೆ ಮಾತ್ರ ಮರದ್ದು ಬೇಡ. ಅಗಲವಾದ ಮರದ ಅಡಿ ಉಬ್ಬಿದರೆ ಎರಡೂ ಬದಿಗಳನ್ನು ಹೊರಕ್ಕೆ ದೂಡುತ್ತದೆ.

ಅಳತೆ

ಇಲ್ಲಿ ಸಮಯ ತೆಗೆದುಕೊಳ್ಳಿ. ಉಳಿದ ಕೆಲಸವೆಲ್ಲ ಇದರ ಮೇಲೆ ನಿಂತಿದೆ.

ಕಪಾಟಿನ ಒಳಗೆ ಲ್ಯಾಮಿನೇಟ್ ಅಂಟಿಸುವುದಿದ್ದರೆ ಅಂಟಿಸಿ ಒಣಗಿದ ಮೇಲೆ ಅಳೆಯಿರಿ. ಒಳಗಿನ ಲೈನರ್ 0.8 ಮಿ.ಮೀ. ಎಂದುಕೊಂಡರೂ ಎರಡು ಬದಿಗೆ 1.6 ಆಯಿತು, ಚಾನೆಲನ್ನು ಸಿಕ್ಕಿಸಿ ನಿಲ್ಲಿಸಲು ಅಷ್ಟೇ ಸಾಕು. 18 ಮಿ.ಮೀ. ಎಂದು ಮಾರುವ ಪ್ಲೈ ನಿಜವಾಗಿ 17ರಿಂದ 17.5 ಇರುವುದುಂಟು. ಆದ್ದರಿಂದ ಹೊರ ಅಳತೆಯಿಂದ 36 ಕಳೆದು ಲೆಕ್ಕ ಹಾಕುವುದು ಬೇಡ, ಒಳಗೇ ಟೇಪು ಇಡಿ.

ಡ್ರಾಯರ್ ಬರುವ ಜಾಗದಲ್ಲಿ ಮುಂದೆ ಮೂರು ಕಡೆ, ಹಿಂದೆ ಮೂರು ಕಡೆ, ಒಟ್ಟು ಆರು ಅಳತೆ ತೆಗೆದು ಬರೆದುಕೊಳ್ಳಿ. ಆರರಲ್ಲಿ ಅತಿ ಚಿಕ್ಕದನ್ನೇ ಹಿಡಿಯಬೇಕು. ಹಿಂದೆ ಮುಂದೆ ವ್ಯತ್ಯಾಸ 1 ಮಿ.ಮೀ. ದಾಟಿದರೆ ಮೊದಲು ಕಪಾಟನ್ನು ಸರಿಮಾಡಿ: ಅಗಲವಾದ ಕಡೆ ಚಾನೆಲಿನ ಹಿಂದೆ ಲ್ಯಾಮಿನೇಟ್ ತುಂಡು ಕೊಟ್ಟು ಎರಡೂ ಬದಿ ಸಮಾನಾಂತರವಾಗುವಂತೆ ಮಾಡಿ. ಆಮೇಲೆ ಬಾಯಿಯ ಕರ್ಣ ಅಳೆಯಿರಿ. ಎರಡು ಕರ್ಣಗಳು ಸಮವಿದ್ದರೆ ಕಪಾಟು ಮೂಲೆಮಟ್ಟಕ್ಕಿದೆ.

ಬದಿಗೆ ಕೂರುವ ಚಾನೆಲಿಗೆ ಕಪಾಟಿನ ಒಳ ಅಗಲದಿಂದ 26 ಮಿ.ಮೀ. ಕಳೆದರೆ ಸಿಗುವುದು ಪೆಟ್ಟಿಗೆಯ ಹೊರ ಅಗಲ. ಎರಡು ಚಾನೆಲಿಗೆ 25.4, ಮಿಕ್ಕ 0.6 ಸಡಿಲ. ಉದಾಹರಣೆಗೆ ಒಳ ಅಗಲ 562 ಬಂದರೆ ಪೆಟ್ಟಿಗೆ ಹೊರಗಿನಿಂದ 536. ಬದಿ ಹಲಗೆ 12ರದ್ದು, ಮುಂದಿನ ಹಿಂದಿನ ತುಂಡುಗಳು ಬದಿಗಳ ನಡುವೆ ಕೂರುವುದು ಎಂದಾದರೆ ಅವುಗಳ ಉದ್ದ 512. ಪೆಟ್ಟಿಗೆಯ ಹೊರಬದಿಗೂ ಲ್ಯಾಮಿನೇಟ್ ಇದೆಯಾದರೆ ಅದನ್ನೂ ಕಳೆಯಿರಿ. ಒಂದು ಮಿ.ಮೀ. ಚಿಕ್ಕದಾದರೆ ಹಿಂದೆ ಕಾರ್ಡು ಕೊಟ್ಟು ಸರಿಪಡಿಸಬಹುದು, ಒಂದು ಮಿ.ಮೀ. ದೊಡ್ಡದಾದರೆ ಪೆಟ್ಟಿಗೆ ಬಿಚ್ಚಬೇಕು. ಸಂಶಯ ಬಂದಾಗ ಚಿಕ್ಕದರ ಕಡೆಗೇ ವಾಲಿ.

ಅಂಡರ್‌ಮೌಂಟಿನ ಲೆಕ್ಕ ಒಳ ಅಗಲದ್ದು. 16 ಮಿ.ಮೀ. ಬದಿಗೆ ಸಾಮಾನ್ಯವಾಗಿ ಕಪಾಟಿನ ಒಳ ಅಗಲದಿಂದ 42 ಕಳೆದರೆ ಪೆಟ್ಟಿಗೆಯ ಒಳ ಅಗಲ. ಅದೇ 562ಕ್ಕೆ 520. ಹೊರಗೆ 552 ಆಗುತ್ತದೆ, ಎರಡು ಬದಿಗೆ ಐದೈದು ಮಿ.ಮೀ. ಖಾಲಿ. ಅಡಿಹಲಗೆ ಬದಿಯ ಕೆಳ ಅಂಚಿನಿಂದ 13 ಮಿ.ಮೀ. ಮೇಲೆ ಕೂರಬೇಕು, ಆ ಜಾಗದಲ್ಲಿಯೇ ಚಾನೆಲ್ ಅಡಗುವುದು. ಹಿಂಬದಿ ಹಲಗೆಯ ಎರಡು ಕೆಳಮೂಲೆಯಲ್ಲಿ ಚಾನೆಲ್ ಹಾಯಲು ಕಚ್ಚು ತೆಗೆಯಬೇಕು, ಚಾನೆಲಿನ ಹಿಂತುದಿಯ ಕೊಕ್ಕೆ ಹೋಗಲು 6 ಮಿ.ಮೀ. ತೂತು ಕೊರೆಯಬೇಕು. ಪೆಟ್ಟಿಗೆಯ ಉದ್ದವೂ ಚಾನೆಲಿನ ಉದ್ದಕ್ಕೆ ತಕ್ಕ ಹಾಗೆ ಇರಬೇಕು, ಹಲವು ಮಾದರಿಗಳಲ್ಲಿ 500ರ ಚಾನೆಲಿಗೆ 490. ಈ ಅಳತೆಗಳು ಮಾದರಿಗೆ ತಕ್ಕಂತೆ ಬದಲಾಗುವುದರಿಂದ ಡಬ್ಬಿಯೊಳಗಿನ ಚೀಟಿಯದ್ದೇ ಕೊನೆಯ ಮಾತು. ಆ ಚೀಟಿ ಕಸದ ಬುಟ್ಟಿಗೆ ಹೋಗದಂತೆ ನೋಡಿಕೊಳ್ಳಿ. ಮುಂಬದಿಯ ಎರಡು ಲಾಕ್ ಕ್ಲಿಪ್ಪುಗಳು ಕೆಲವು ಕಡೆ ಬೇರೆಯಾಗಿ ಮಾರಾಟವಾಗುತ್ತವೆ, ಅಂಗಡಿಯಲ್ಲೇ ಡಬ್ಬಿ ತೆರೆದು ನೋಡಿ.

ಕೂರಿಸುವುದು

ಬೇಕಾಗುವ ಸಾಮಾನು: ಟೇಪು, ಮೂಲೆಮಟ್ಟ, ಚೂಪು ಪೆನ್ಸಿಲು, 2.5 ಮಿ.ಮೀ. ಡ್ರಿಲ್ ಬಿಟ್, ಚಾನೆಲಿಗೆ ಕಪಾಟಿನ ಬದಿಯಲ್ಲಿ 4×16 ಮಿ.ಮೀ., 12 ಮಿ.ಮೀ. ಪೆಟ್ಟಿಗೆಯ ಬದಿಯಲ್ಲಿ 4×12 ಮಿ.ಮೀ. ಸ್ಕ್ರೂ, ಫ್ರಂಟಿಗೆ 25 ಮಿ.ಮೀ. ಸ್ಕ್ರೂ ಮತ್ತು ವಾಷರು, ಕ್ಲ್ಯಾಂಪು ಎರಡು. ಒಂದು ಡ್ರಾಯರಿಗೆ ಚಾನೆಲಿನ ಸ್ಕ್ರೂ 12ರಿಂದ 16 ಬೇಕಾಗುತ್ತದೆ. ಸ್ಕ್ರೂವಿನ ತಲೆ ಚಪ್ಪಟೆಯಾಗಿದ್ದು ಪಟ್ಟಿಯ ಗುಳಿಯಲ್ಲಿ ಮುಳುಗಬೇಕು. ತಲೆ ಕೂದಲೆಳೆಯಷ್ಟು ಮೇಲೆ ನಿಂತರೂ ನಡುಪಟ್ಟಿ ಅದಕ್ಕೆ ತಾಗಿ ಟಕ್ ಎಂದು ನಿಲ್ಲುತ್ತದೆ.

ಚಾನೆಲನ್ನು ಪೂರ್ತಿ ಎಳೆದು, ಒಳಪಟ್ಟಿಯ ಮೇಲಿನ ಕಪ್ಪು ಪ್ಲಾಸ್ಟಿಕ್ ನಾಲಿಗೆಯನ್ನು ಒತ್ತಿ ಒಳಪಟ್ಟಿ ಬಿಡಿಸಿಕೊಳ್ಳಿ. ಒಂದು ಬದಿಯಲ್ಲಿ ನಾಲಿಗೆ ಮೇಲಕ್ಕೆ, ಇನ್ನೊಂದರಲ್ಲಿ ಕೆಳಕ್ಕೆ ಒತ್ತಬೇಕಾಗುತ್ತದೆ. ಬಿಡಿಸಿದ ಜೋಡಿಗಳಿಗೆ ಪೆನ್ಸಿಲಿನಲ್ಲಿ ಗುರುತು ಹಾಕಿ, ಒಂದರ ಒಳಪಟ್ಟಿ ಇನ್ನೊಂದರ ಹೊರಪಟ್ಟಿಗೆ ಹೋಗದಿರಲಿ.

ಎತ್ತರಕ್ಕೆ ಎಡಕ್ಕೊಂದು ಬಲಕ್ಕೊಂದು ಸಲ ಟೇಪು ಹಿಡಿಯುವ ಬದಲು ಪ್ಲೈ ತುಂಡೊಂದನ್ನು ಕತ್ತರಿಸಿಕೊಳ್ಳಿ. ಅತಿ ಮೇಲಿನ ಡ್ರಾಯರಿನ ಚಾನೆಲ್ ಎಷ್ಟು ಎತ್ತರದಲ್ಲಿ ಬರಬೇಕೋ ಅಷ್ಟು ಎತ್ತರದ ತುಂಡು. ಅದನ್ನು ಕಪಾಟಿನ ಅಡಿಹಲಗೆಯ ಮೇಲೆ ನಿಲ್ಲಿಸಿ, ಹೊರಪಟ್ಟಿಯನ್ನು ಅದರ ತಲೆಯ ಮೇಲಿಟ್ಟು ಸ್ಕ್ರೂ ಹಾಕಿ. ಅದೇ ತುಂಡನ್ನು ಇನ್ನೊಂದು ಬದಿಗೆ ಒಯ್ಯಿರಿ. ಆಮೇಲೆ ಎರಡನೇ ಡ್ರಾಯರಿನ ಎತ್ತರಕ್ಕೆ ಅದನ್ನೇ ಕತ್ತರಿಸಿ, ಹೀಗೆ ಕೆಳಗಿನವರೆಗೆ. ಎಡಬಲ ಒಂದೇ ತುಂಡಿನ ಮೇಲೆ ಕೂತಿರುವುದರಿಂದ ಎತ್ತರದಲ್ಲಿ ವ್ಯತ್ಯಾಸ ಬರಲು ದಾರಿಯೇ ಇಲ್ಲ. ನೆಲ ವಾಲಿದ್ದು ಕಪಾಟೂ ವಾಲಿದ್ದರೆ ಮೊದಲು ಕಪಾಟಿನ ಕಾಲಿಗೆ ಪ್ಯಾಕಿಂಗ್ ಕೊಟ್ಟು ರಸಮಟ್ಟದಲ್ಲಿ ಸರಿಮಾಡಿ. ವಾಲಿದ ಕಪಾಟಿನೊಳಗೆ ಚಾನೆಲ್ ಮಾತ್ರ ಮಟ್ಟದಲ್ಲಿದ್ದರೆ ಫ್ರಂಟುಗಳು ಓರೆಯಾಗಿ ಕಾಣುತ್ತವೆ.

ಮುಂದಿನ ಅಂಚಿನಿಂದ ಚಾನೆಲ್ ಎಷ್ಟು ಒಳಗೆ? ಫ್ರಂಟ್ ಕಪಾಟಿನ ಬಾಯಿಯನ್ನು ಹೊರಗಿನಿಂದ ಮುಚ್ಚುವುದಾದರೆ 2ರಿಂದ 3 ಮಿ.ಮೀ. ಒಳಗೆ. ಫ್ರಂಟ್ ಕಪಾಟಿನ ಒಳಗೇ ಕೂರುವುದಾದರೆ ಫ್ರಂಟಿನ ದಪ್ಪ ಸೇರಿಸಿ ಅಷ್ಟು ಒಳಗೆ, ಅಂದರೆ 18ಕ್ಕೆ 20-21. ಹಳೆಯ ಕ್ರಮದ, ಬಾಯಿಗೆ ಸಾಗುವಾನಿ ಚೌಕಟ್ಟು ಕೂರಿಸಿದ ಕಪಾಟುಗಳಲ್ಲಿ ಚೌಕಟ್ಟು ಬದಿ ಹಲಗೆಗಿಂತ ಒಳಗೆ ಚಾಚಿರುತ್ತದೆ. ಅಲ್ಲಿ ಚಾಚಿದಷ್ಟೇ ದಪ್ಪದ ರೀಪನ್ನು ಹಿಂದಿನವರೆಗೆ ಹೊಡೆದು, ಚೌಕಟ್ಟಿನೊಂದಿಗೆ ಸಪಾಟು ಮಾಡಿ, ಅದರ ಮೇಲೆ ಚಾನೆಲ್ ಕೂರಿಸಿ.

ಮೊದಲು ಉದ್ದನೆಯ ತೂತುಗಳಲ್ಲಿ ಮುಂದೊಂದು ಹಿಂದೊಂದು ಸ್ಕ್ರೂ ಮಾತ್ರ. ಪೆಟ್ಟಿಗೆಯ ಬದಿಗೆ ಒಳಪಟ್ಟಿಯನ್ನೂ ಹೀಗೆಯೇ, ಮೂಲೆಮಟ್ಟದಲ್ಲಿ ಎಳೆದ ನೇರ ಗೆರೆಯ ಮೇಲೆ. ಪೆಟ್ಟಿಗೆಯ ಅಡಿ ಮತ್ತು ಕೆಳಗಿನ ಹಲಗೆಯ ನಡುವೆ 10 ಮಿ.ಮೀ.ಯಾದರೂ ಬಿಡಿ. ಮಳೆಗಾಲದ ಉಬ್ಬು, ಭಾರಕ್ಕೆ ಜಗ್ಗುವುದು ಎರಡಕ್ಕೂ ಅದು ಬೇಕು.

ಈಗ ಡ್ರಾಯರ್ ಒಳಗೆ ಹಾಕುವುದು. ಗುಂಡುಗಳಿರುವ ಪಂಜರವನ್ನು ಬೆರಳಿನಿಂದ ಪೂರ್ತಿ ಮುಂದಕ್ಕೆ ಎಳೆದುಕೊಳ್ಳಿ. ಎರಡೂ ಒಳಪಟ್ಟಿಗಳ ತುದಿಯನ್ನು ಒಂದೇ ಸಲಕ್ಕೆ, ಒಂದೇ ಮಟ್ಟದಲ್ಲಿ ನಡುಪಟ್ಟಿಯ ಜಾಡಿಗೆ ಸೇರಿಸಿ ನಿಧಾನವಾಗಿ ತಳ್ಳಿ. ಒಂದು ಬದಿ ಮೊದಲು ಹೋದರೆ ಇನ್ನೊಂದು ಬದಿ ಪಂಜರವನ್ನು ಗುದ್ದಿ ಗುಂಡುಗಳು ಉದುರುತ್ತವೆ. ಉದುರಿದ ಚಾನೆಲನ್ನು ಮತ್ತೆ ಸರಿಮಾಡಲು ಹೋಗಬೇಡಿ, ಹೊಸ ಜೋಡಿ ಹಾಕಿ. ನಡುವೆ ಬಿಗಿ ಎನಿಸಿದರೆ ಹೊರಗೆ ತೆಗೆದು ಮತ್ತೆ ಸೇರಿಸಿ. ಸಲೀಸಾಗಿ ಹೋಗಿ ಕೊನೆಗೆ ಮಾತ್ರ ಬಿಗಿ ಎನಿಸಿದರೆ ಧೈರ್ಯವಾಗಿ ಒತ್ತಿ ಮುಚ್ಚಿ, ಪಂಜರ ತನ್ನ ಜಾಗಕ್ಕೆ ಹೋಗುವುದು ಆ ಮೊದಲ ಮುಚ್ಚುವಿಕೆಯಲ್ಲಿ.

ಐದಾರು ಸಲ ತೆರೆದು ಮುಚ್ಚಿ. ಸರಿ ಎನಿಸಿದರೆ ಮಾತ್ರ ದುಂಡು ತೂತುಗಳಲ್ಲಿ ಉಳಿದ ಸ್ಕ್ರೂ ಹಾಕಿ. ಈ ಹಂತ ಬಿಟ್ಟರೆ ದಿನ ಕಳೆದಂತೆ ಉದ್ದ ತೂತಿನ ಸ್ಕ್ರೂ ಜಾರಿ ಡ್ರಾಯರ್ ಕೆಳಗಿಳಿಯುತ್ತದೆ.

ಫ್ರಂಟನ್ನು ಕೊನೆಗೆ ಹಾಕಬೇಕು, ಪೆಟ್ಟಿಗೆಯ ಜತೆಗೇ ಅಲ್ಲ. ಪೆಟ್ಟಿಗೆಯ ಮುಂದಿನ ಹಲಗೆಯಲ್ಲಿ 6 ಮಿ.ಮೀ. ತೂತು ನಾಲ್ಕು ಕೊರೆಯಿರಿ. ಡಬಲ್ ಟೇಪಿನಲ್ಲಿ ಫ್ರಂಟನ್ನು ಅಂಟಿಸಿ, ಎರಡು ಫ್ರಂಟುಗಳ ನಡುವೆ 3 ಮಿ.ಮೀ. ತುಂಡು ಇಟ್ಟು ಸಂದು ಸಮಮಾಡಿ, ಒಳಗಿನಿಂದ ವಾಷರ್ ಹಾಕಿದ 25 ಮಿ.ಮೀ. ಸ್ಕ್ರೂ ಹೊಡೆಯಿರಿ. ತೂತು ದೊಡ್ಡದಿರುವುದರಿಂದ ಮುಂದೆ ಯಾವಾಗ ಬೇಕಾದರೂ ಸ್ಕ್ರೂ ಸಡಿಲಿಸಿ ಒಂದು ಮಿ.ಮೀ. ಅತ್ತಿತ್ತ ಮಾಡಬಹುದು.

ಅಂಡರ್‌ಮೌಂಟಾದರೆ ಚಾನೆಲ್ ಪೂರ್ತಿಯಾಗಿ ಕಪಾಟಿಗೇ ಕೂರುತ್ತದೆ, ಮೊದಲ ಸ್ಕ್ರೂ ಸಾಮಾನ್ಯವಾಗಿ ಮುಂದಿನ ಅಂಚಿನಿಂದ 37 ಮಿ.ಮೀ.ಗೆ. ಪೆಟ್ಟಿಗೆಯ ಅಡಿಯ ಮುಂದಿನ ಮೂಲೆಗಳಿಗೆ ಲಾಕ್ ಕ್ಲಿಪ್ ಹೊಡೆದು, ಎಳೆದಿಟ್ಟ ಚಾನೆಲಿನ ಮೇಲೆ ಪೆಟ್ಟಿಗೆ ಇಟ್ಟು, ಎರಡೂ ಕಡೆ ಟಿಕ್ ಎನ್ನುವವರೆಗೆ ಹಿಂದಕ್ಕೆ ತಳ್ಳಿದರೆ ಮುಗಿಯಿತು. ಒಂದೇ ಕಡೆ ಟಿಕ್ ಎಂದಿದ್ದರೆ ಹಿಂದಿನ ಕೊಕ್ಕೆ ತೂತಿಗೆ ಹೋಗಿಲ್ಲ.

ಪ್ಲೈ ಅಲ್ಲದ ಕಪಾಟುಗಳು

ಕಾಸರಗೋಡಿನ ಅಡುಗೆಮನೆಗಳಲ್ಲಿ ಗ್ರಾನೈಟಿನ ಕೆಳಗೆ ಫೆರೋಸಿಮೆಂಟ್ (ತಂತಿಬಲೆಗೆ ಸಿಮೆಂಟ್ ಮೆತ್ತಿ ಮಾಡಿದ) ಹಲಗೆ ನಿಲ್ಲಿಸಿ, ಮುಂದೆ ಚೌಕಟ್ಟು ಕೂರಿಸಿದ ಕಪಾಟುಗಳು ಸಾಕಷ್ಟಿವೆ. ಒರಲೆಯ ಹೆದರಿಕೆ ಇಲ್ಲ, ನೀರಿನದ್ದೂ ಇಲ್ಲ. ಆದರೆ ಆ ಹಲಗೆಗೆ ಪ್ಲಗ್ ಬಡಿದು ನೇರ ಚಾನೆಲ್ ಕೂರಿಸಿದರೆ ಎರಡು ತೊಂದರೆ: ಮೇಲ್ಮೈ ಸಪಾಟಿಲ್ಲದ್ದರಿಂದ ಸ್ಕ್ರೂ ಬಿಗಿದಂತೆ ಚಾನೆಲ್ ಬಾಗುತ್ತದೆ, ಭಾರದ ಡ್ರಾಯರ್ ಎಳೆದಾಗಲೆಲ್ಲ ಪ್ಲಗ್ ಸಡಿಲವಾಗುತ್ತದೆ. ಅದಕ್ಕೆ 18 ಮಿ.ಮೀ. ಮರೀನ್ ಪ್ಲೈಯ 100 ಮಿ.ಮೀ. ಅಗಲದ ಪಟ್ಟಿಯನ್ನು ಹಲಗೆಗೆ ಆರಪಾರು ಬೋಲ್ಟ್ ಹಾಕಿ ಬಿಗಿಯಿರಿ, ಬೋಲ್ಟಿನ ತಲೆ ಪ್ಲೈಯೊಳಗೆ ಮುಳುಗಲಿ. ಉಬ್ಬುತಗ್ಗಿನ ಜಾಗದಲ್ಲಿ ಪಟ್ಟಿಯ ಹಿಂದೆ ತೆಳು ಪ್ಯಾಕಿಂಗ್ ಕೊಟ್ಟು, ಎದುರುಬದುರು ಪಟ್ಟಿಗಳು ಸಮಾನಾಂತರವಾದ ಮೇಲೆ ಅಲ್ಲಿಂದ ಒಳ ಅಗಲ ಅಳೆಯಿರಿ.

ಅಲ್ಯುಮಿನಿಯಂ ಫ್ಯಾಬ್ರಿಕೇಶನ್ ಕಪಾಟಿನಲ್ಲಿ ಚಾನೆಲಿಗೆ ಆಧಾರ ಮುಂದೆ ಒಂದು ಕಂಬ, ಹಿಂದೆ ಒಂದು ಕಂಬ ಮಾತ್ರ. ನಡುವೆ ತೆಳು ಶೀಟು. 20 ಇಂಚಿನ ಚಾನೆಲ್ ನಡುವಿನಲ್ಲಿ ಹಿಡಿತವಿಲ್ಲದೆ ಭಾರಕ್ಕೆ ಬಾಗುತ್ತದೆ. ಕಂಬದಿಂದ ಕಂಬಕ್ಕೆ ಒಂದು ಅಡ್ಡ ಸೆಕ್ಷನ್ ಕೂರಿಸಲು ಮೊದಲೇ ಹೇಳಿ. ರಿವೆಟ್ ಹೊಡೆಯುವುದಾದರೆ ಅದರ ತಲೆ ನಡುಪಟ್ಟಿಗೆ ತಾಗದಷ್ಟು ಚಪ್ಪಟೆ ಇದೆಯೇ ಎಂದು ಒಂದು ಹೊಡೆದು ಓಡಿಸಿ ನೋಡಿ.

ಮಲ್ಟಿವುಡ್ ಎಂಬ ಪಿವಿಸಿ ಹಲಗೆ ನೀರಿಗೆ ಅಂಜದು, ಆದರೆ ಸ್ಕ್ರೂವನ್ನು ಪ್ಲೈಯಷ್ಟು ಗಟ್ಟಿಯಾಗಿ ಹಿಡಿಯದು. ಒಂದೇ ತೂತಿಗೆ ಎರಡು ಸಲ ಸ್ಕ್ರೂ ಹಾಕಿ ತೆಗೆದರೆ ಸಾಕು, ಸುಮ್ಮನೆ ತಿರುಗುತ್ತಿರುತ್ತದೆ. ಇದರಲ್ಲಿ ಚಿಕ್ಕ ಬಿಟ್ಟಿನಲ್ಲಿ, 2 ಮಿ.ಮೀ.ಗೆ, ತೂತು ಕೊರೆದು ಕೈ ಸ್ಕ್ರೂಡ್ರೈವರಿನಲ್ಲಿ ಬಿಗಿಯಿರಿ. ಎಲ್ಲ ತೂತಿಗೂ ಸ್ಕ್ರೂ ಹಾಕಿ. ಅಕ್ಕಿ ಡ್ರಾಯರಿಗಂತೂ ಈ ಹಲಗೆ ಬೇಡವೇ ಬೇಡ.

ಹಳೆಯ ಬಿಳಿ ರೋಲರ್ ಚಾನೆಲ್ ತೆಗೆದು ಸಾಫ್ಟ್ ಕ್ಲೋಸ್ ಹಾಕುವವರಿಗೆ ಒಂದು ಸಮಾಧಾನ: ರೋಲರ್ ಚಾನೆಲ್ ಕೂಡ ಬದಿಗೆ ಸುಮಾರು 12.5 ಮಿ.ಮೀ. ಜಾಗ ತಿನ್ನುವುದರಿಂದ ಹೆಚ್ಚಾಗಿ ಪೆಟ್ಟಿಗೆ ಬದಲಿಸಬೇಕಿಲ್ಲ. ಸ್ಕ್ರೂ ತೂತುಗಳ ಜಾಗ ಮಾತ್ರ ಬೇರೆ. ಹಳೆಯ ತೂತುಗಳಿಗೆ ಬಿದಿರಿನ ಕಡ್ಡಿಗೆ ಅಂಟು ಹಚ್ಚಿ ತುಂಬಿ, ಒಣಗಿದ ಮೇಲೆ ಹೊಸದು ಕೊರೆಯಿರಿ.

ಕೆಟ್ಟಾಗ ಎಲ್ಲಿ ನೋಡಬೇಕು

ಮುಚ್ಚುವಾಗ 4-5 ಸೆಂ.ಮೀ. ಬಾಕಿ ಇಟ್ಟು ನಿಂತು, ಗಟ್ಟಿಯಾಗಿ ಒತ್ತಿದರೆ ಮತ್ತೆ ಚಿಮ್ಮುತ್ತಿದ್ದರೆ ಕೊಕ್ಕೆ ಮೊದಲೇ ಬಿಟ್ಟುಕೊಂಡಿದೆ ಎಂದರ್ಥ. ಡ್ರಾಯರ್ ಹೊರತೆಗೆದು ಇರುವಾಗ ಯಾರಾದರೂ ಆ ಗೂಡನ್ನು ಮುಟ್ಟಿದರೆ ಹೀಗಾಗುತ್ತದೆ. ಒಮ್ಮೆ ಬಲವಾಗಿ ಪೂರ್ತಿ ಒತ್ತಿ ಮುಚ್ಚಿದರೆ ಗೂಟ ಮತ್ತೆ ಕೊಕ್ಕೆಗೆ ಸಿಗುತ್ತದೆ. ಆಗದಿದ್ದರೆ ಡ್ರಾಯರ್ ತೆಗೆದು, ಸ್ಕ್ರೂಡ್ರೈವರಿನಿಂದ ಕೊಕ್ಕೆಯನ್ನು ಮುಂದಕ್ಕೆ ಎಳೆದು ಅದರ ಕಚ್ಚಿನಲ್ಲಿ ನಿಲ್ಲಿಸಿ.

ಎರಡು ಮೂರು ಮಿ.ಮೀ. ಬಾಕಿ ನಿಂತರೆ ಹಿಂದೆ ಏನೋ ತಡೆಯುತ್ತಿದೆ: ಬಿದ್ದ ಚಮಚ, ಗೋಡೆಯ ಪ್ಲಗ್, ಇಲ್ಲವೇ ಚಾನೆಲ್ ತೀರ ಮುಂದೆ ಕೂತಿದ್ದು ಫ್ರಂಟ್ ಕಪಾಟಿಗೆ ತಾಗುವ ಮೊದಲೇ ಅದು ಪೂರ್ತಿ ಒಳಹೋಗಿ ನಿಲ್ಲುತ್ತಿದೆ. ಖಾಲಿ ಡ್ರಾಯರ್ ಚೆನ್ನಾಗಿ ಮುಚ್ಚಿ, ಸಾಮಾನು ತುಂಬಿದ ಮೇಲೆ ನಿಲ್ಲುತ್ತಿದ್ದರೆ ಅಡಿಹಲಗೆ ಜಗ್ಗಿ ಕೆಳಗಿನ ಫ್ರಂಟಿಗೋ ಹಲಗೆಗೋ ಉಜ್ಜುತ್ತಿದೆ. ತೆರೆದಾಗ ಅತ್ತಿತ್ತ ಅಲುಗಾಡಿದರೆ ಪೆಟ್ಟಿಗೆ ಚಿಕ್ಕದಾಗಿದೆ, ಒಳಪಟ್ಟಿಯ ಹಿಂದೆ ಲ್ಯಾಮಿನೇಟ್ ತುಂಡು ಕೊಡಿ. ನಡುದಾರಿಯಲ್ಲಿ ಬಿಗಿಯಾದರೆ ಪೆಟ್ಟಿಗೆ ದೊಡ್ಡದು ಅಥವಾ ಚಾನೆಲ್‌ಗಳು ಹಿಂದೆ ಹತ್ತಿರ ಮುಂದೆ ದೂರ ಆಗಿವೆ. ಪೂರ್ತಿ ಎಳೆಯಲು ಬರದಿದ್ದರೆ ಪಂಜರ ಜಾರಿದೆ, ಒಂದೆರಡು ಸಲ ಕೊನೆಯವರೆಗೆ ಗಟ್ಟಿಯಾಗಿ ಮುಚ್ಚಿ ತೆರೆದರೆ ಸರಿಹೋಗುತ್ತದೆ. ಧಡ್ ಎಂದೇ ಮುಚ್ಚುತ್ತಿದ್ದರೆ ಮಾತ್ರ ಡ್ಯಾಂಪರ್ ಸತ್ತಿದೆ. ಮಕ್ಕಳು ಡ್ರಾಯರಿನ ಮೇಲೆ ಹತ್ತುವುದು, ತಾನಾಗಿ ಮುಚ್ಚುತ್ತಿರುವುದನ್ನು ಅವಸರಕ್ಕೆ ದೂಡುವುದು, ಇವೆರಡರಿಂದ ಅದು ಬೇಗ ಸಾಯುತ್ತದೆ. ಜೋಡಿಯಾಗಿಯೇ ಬದಲಿಸಿ.

ದಿನದ ಬಳಕೆಯಲ್ಲಿ

ಕರಕರ ಅಂದ ಕೂಡಲೇ ತೆಂಗಿನೆಣ್ಣೆ ಬಿಡುವ ಅಭ್ಯಾಸ ನಮ್ಮಲ್ಲಿದೆ. ಚಾನೆಲಿಗೆ ಅದು ವಿಷ. ಎಣ್ಣೆ ದಿನ ಕಳೆದಂತೆ ಅಂಟಾಗುತ್ತದೆ, ಹುಡಿ ಹಿಡಿಯುತ್ತದೆ, ಇರುವೆ ಕರೆಯುತ್ತದೆ. ತುಕ್ಕು ಬಿಡಿಸುವ ಸ್ಪ್ರೇ ಕೂಡ ಬೇಡ, ಅದು ಒಳಗಿನ ಗ್ರೀಸನ್ನೇ ತೊಳೆದು ಹಾಕುತ್ತದೆ. ಒಣ ಬಟ್ಟೆಯಲ್ಲಿ ಜಾಡನ್ನು ಒರೆಸಿ, ಬೇಕೆನಿಸಿದರೆ ಬೆರಳ ತುದಿಯಷ್ಟು ಬಿಳಿ ಲಿಥಿಯಂ ಗ್ರೀಸ್ ಗುಂಡಿನ ಜಾಡಿಗೆ ಮಾತ್ರ ಹಚ್ಚಿ. ಹಿಂದಿನ ಪ್ಲಾಸ್ಟಿಕ್ ಗೂಡಿಗೆ ಏನೂ ಹಚ್ಚಬೇಡಿ.

ಕಲ್ಲುಪ್ಪಿನ ಭರಣಿಯನ್ನು ಸಾಫ್ಟ್ ಕ್ಲೋಸ್ ಡ್ರಾಯರಿನಲ್ಲಿ ಇಡಬೇಡಿ. ಮಳೆಗಾಲದಲ್ಲಿ ಉಪ್ಪು ನೀರೊಡೆದು ಬದಿಯ ಚಾನೆಲಿಗೆ ಇಳಿದರೆ ಎಸ್‌ಎಸ್ ಪಟ್ಟಿಯಲ್ಲೂ ಕಲೆ ಏಳುತ್ತದೆ. ಹುಣಸೆಹುಳಿ, ಟಾಯ್ಲೆಟ್ ತೊಳೆಯುವ ಆಸಿಡ್, ಬ್ಲೀಚಿಂಗ್ ಪೌಡರಿಗೂ ಅದೇ ಮಾತು. ಮನೆಗೆ ಬೀಗ ಹಾಕಿ ತಿಂಗಳುಗಟ್ಟಲೆ ಹೋಗುವವರು ಡ್ರಾಯರುಗಳನ್ನು ಖಾಲಿ ಮಾಡಿ, ಒರೆಸಿ, ಗಾಳಿಯಾಡುವಂತೆ ಒಂದು ಗೇಣು ತೆರೆದಿಟ್ಟು ಹೋಗಿ. ಮುಚ್ಚಿದ ಡ್ರಾಯರಿನೊಳಗೆ ಬೂಷ್ಟು ಹಿಡಿಯುವುದು ಬೇಗ, ತುಕ್ಕೂ ಬೇಗ. ಮನೆ ನೋಡಿಕೊಳ್ಳುವವರು ಬಂದಾಗ ಪ್ರತಿ ಡ್ರಾಯರನ್ನು ಒಮ್ಮೆ ಪೂರ್ತಿ ಎಳೆದು ಮುಚ್ಚಿದರೆ ಗ್ರೀಸ್ ಒಂದೇ ಕಡೆ ಗಟ್ಟಿಯಾಗದು.

ಹೊಸ ಡ್ರಾಯರುಗಳಿಗೆ ಮೊದಲ ಮಳೆಗಾಲ ದಾಟಿದ ಮೇಲೆ, ಅಕ್ಟೋಬರ್ ಸುಮಾರಿಗೆ, ಎಲ್ಲ ಸ್ಕ್ರೂ ಒಮ್ಮೆ ಕೈಯಿಂದ ಬಿಗಿದು ನೋಡಿ. ಫ್ರಂಟಿನ ಸಂದು ಎಲ್ಲಾದರೂ ಕೂಡಿದ್ದರೆ ಒಳಗಿನ ನಾಲ್ಕು ಸ್ಕ್ರೂ ಸಡಿಲಿಸಿ, 3 ಮಿ.ಮೀ. ತುಂಡು ಇಟ್ಟು ಮತ್ತೆ ಬಿಗಿಯಿರಿ.